ಕತ್ತರಿ ಕೆಳಗಿಟ್ಟವರು

‘ಪಲ್ಲವಿ ಅನುಪಲ್ಲವಿ’ಯ ನಿರ್ದೇಶಕ ಮಣಿರತ್ನಂ ಎಂಬುದು ಸಿನಿಮಾ ನೋಡುವ ಎಲ್ಲರಿಗೂ ಗೊತ್ತು. ಸಂಗೀತ ಇಳಯರಾಜರದ್ದು ಎಂಬುದು ಇನ್ನೂ ಚೆನ್ನಾಗಿ ಗೊತ್ತು. ಅದರ ಒಂದು ರಾಗದ ತುಣುಕು ಮೊಬೈಲ್ ಕಂಪನಿಯ ಜಾಹೀರಾತಿಗೂ ಹೋಗಿ ಮನೆಮಾತಾಯಿತು. ಬಾಲು ಮಹೇಂದ್ರ ಕ್ಯಾಮೆರಾ ಹಿಡಿದದ್ದನ್ನೂ ಹಲವರು ನೆನಪಿಟ್ಟಿದ್ದಾರೆ. 1983ರ ಆ ಕನ್ನಡ ಚಿತ್ರದ ಸಂಕಲನ ಯಾರದ್ದು ಅಂತ ಕೇಳಿ ನೋಡಿ, ಗೊತ್ತಿದ್ದವರೂ ತಲೆ ಕೆರೆದುಕೊಳ್ಳುತ್ತಾರೆ. ಬಿ. ಲೆನಿನ್. ತನ್ನದಲ್ಲದ ಭಾಷೆಯಲ್ಲಿ ಮೊದಲ ಚಿತ್ರ ಮಾಡಲು ಹೊರಟ ಹುಡುಗನ ರೀಲುಗಳನ್ನು ಜೋಡಿಸಿಕೊಟ್ಟವರು ಅವರು. ಆಮೇಲೆ ‘ಮೌನರಾಗಂ’, ‘ನಾಯಗನ್’, ‘ಅಂಜಲಿ’ ಬಂದವು. ವಿ.ಟಿ. ವಿಜಯನ್ ಜೊತೆ ಮಾಡಿದ ‘ಕಾದಲನ್’ ಚಿತ್ರಕ್ಕೆ 1994ರ ಶ್ರೇಷ್ಠ ಸಂಕಲನದ ರಾಷ್ಟ್ರಪ್ರಶಸ್ತಿ ಬಂತು. ನಮ್ಮ ಮೈಸೂರಿನ ಹುಡುಗ ಪ್ರಭುದೇವ ‘ಮುಕ್ಕಾಬುಲಾ’ ಎಂದು ಕುಣಿದ ಚಿತ್ರ ಅದು. ಆ ಕಾಲುಗಳ ಜೊತೆ ಕಟ್ ಕೂಡ ಕುಣಿಯುತ್ತದೆ, ಇನ್ನೊಮ್ಮೆ ನೋಡಿ.

ಇದೇ ಲೆನಿನ್ 2001ರಲ್ಲಿ ಜಯಕಾಂತನ್ ಬರೆದ ಕಾದಂಬರಿಯಿಂದ ‘ಊರುಕ್ಕು ನೂರುಪೇರ್’ ಮಾಡಿ ಶ್ರೇಷ್ಠ ನಿರ್ದೇಶಕನ ರಾಷ್ಟ್ರಪ್ರಶಸ್ತಿಯನ್ನೂ ಪಡೆದರು. ಅದಕ್ಕೂ ಮೊದಲು, 1992ರಲ್ಲಿ, ‘ನಾಕ್ ಔಟ್’ ಎಂಬ ಕಿರುಚಿತ್ರಕ್ಕೆ ಇನ್ನೊಂದು ರಾಷ್ಟ್ರಪ್ರಶಸ್ತಿ ಬಂದಿತ್ತು. ಒಂದು ಕಾಲದಲ್ಲಿ ಗೆದ್ದು ಮೆರೆದ ಬಾಕ್ಸರನೊಬ್ಬ ವಾರಸುದಾರರಿಲ್ಲದ ಹೆಣವಾಗುವ ಕತೆ ಅದು. ‘ಕಾದಲನ್’ ಹಾಡಿಗೆ ಕಟ್ ಮಾಡಿದ ಕೈಯೇ ಆ ಹೆಣದ ಕತೆಯನ್ನೂ ಮಾಡಿತು. ಮದರಾಸಿನಲ್ಲಿ ಎಡಿಟರುಗಳು ಡೈರೆಕ್ಟರಾಗುವುದು ಹೊಸದಲ್ಲ. ಆದರೆ ಹೀಗೆ, ಕಸುಬಿನ ಹೊಟ್ಟೆಪಾಡು ಒಂದು ಕಡೆ, ತನ್ನ ಮಾತು ಇನ್ನೊಂದು ಕಡೆ ಅಂತ ಬೇರೆಬೇರೆ ಇಟ್ಟುಕೊಂಡವರು ಕಡಿಮೆ.

ನಾನು ಲೆನಿನ್ ಅವರ ಶಿಷ್ಯನಲ್ಲ. ಅವರ ಕಾಲದಲ್ಲಿ ಕೋಡಂಬಾಕ್ಕಂ, ವಡಪಳನಿ, ಸಾಲಿಗ್ರಾಮಂ ಸುತ್ತಿನ ಬಾಡಿಗೆ ಎಡಿಟಿಂಗ್ ರೂಮುಗಳಲ್ಲಿ ಕನ್ನಡ ಚಿತ್ರಗಳಿಗೆ ಅಸಿಸ್ಟೆಂಟಾಗಿದ್ದವನು. ಚಿತ್ರೀಕರಣ ಬೆಂಗಳೂರು, ಮೈಸೂರಿಗೆ ಹೋದ ಮೇಲೂ ಲ್ಯಾಬು, ಎಡಿಟಿಂಗು, ರೀರೆಕಾರ್ಡಿಂಗಿಗೆ ಕನ್ನಡದವರು ಬಹುಕಾಲ ಇಲ್ಲಿಗೇ ಬರಬೇಕಿತ್ತು. ಫಿಲಂ ಡಬ್ಬಗಳು ರಾತ್ರಿ ರೈಲಿನಲ್ಲಿ ಬರುತ್ತಿದ್ದವು, ಅವುಗಳ ಹಿಂದೆಯೇ ಪ್ರೊಡ್ಯೂಸರ್ ಬರುತ್ತಿದ್ದರು. ಈಗ ನಾನಿರುವುದು ಇದೇ ಮದರಾಸಿನ ಶೋಳಿಂಗನಲ್ಲೂರಿನಲ್ಲಿ, ಮಗಳ ಮನೆಯಲ್ಲಿ. ಓಎಂಆರ್ ರಸ್ತೆ, ಸಾಫ್ಟ್‌ವೇರ್ ಕಟ್ಟಡಗಳು, ನಡುವೆ ಮೆಟ್ರೊ ಕಂಬಗಳು, ಪೂರ್ವಕ್ಕೆ ಬಕಿಂಗ್‌ಹ್ಯಾಮ್ ಕಾಲುವೆ ದಾಟಿದರೆ ಸಮುದ್ರ. ವಡಪಳನಿಗೆ ಹೋಗಬೇಕೆಂದರೆ ಒಂದು ಮಧ್ಯಾಹ್ನ ಪೂರ್ತಿ ಬೇಕು. ನಮ್ಮ ಅಪಾರ್ಟ್‌ಮೆಂಟಿನಲ್ಲಿ ಕನ್ನಡದ ಮನೆಗಳು ಸಾಕಷ್ಟಿವೆ. ಮೇಲಿನ ಮಹಡಿಯಲ್ಲಿ ದಾವಣಗೆರೆಯ ಹುಡುಗ. ಹಗಲು ಕಂಪನಿ ಕೆಲಸ, ರಾತ್ರಿ ಲ್ಯಾಪ್‌ಟಾಪಿನಲ್ಲಿ ಊರ ಕಡೆಯ ಸ್ನೇಹಿತರ ಕಿರುಚಿತ್ರಗಳಿಗೆ ಎಡಿಟಿಂಗ್. ಅವನು ಲಿಫ್ಟಿನಲ್ಲಿ ಕೇಳಿದ ಪ್ರಶ್ನೆಯಿಂದಲೇ ಈ ಬರಹ ಹುಟ್ಟಿದ್ದು.

“ಅಂಕಲ್, ಎಡಿಟಿಂಗ್ ಗೊತ್ತಿದ್ರೆ ಡೈರೆಕ್ಷನ್ ಅರ್ಧ ಬಂದಂಗೇ ಅಲ್ವಾ?”

“ಅರ್ಧ ಬರುತ್ತಪ್ಪ. ಇನ್ನರ್ಧ ಸೆಟ್ಟಲ್ಲಿ ಕಾಯ್ತಾ ಇರುತ್ತೆ.”

ಮೊದಲು, ಬರುವ ಅರ್ಧದ ವಿಷಯ. ಫಿಲಂ ಕಾಲದ ಎಡಿಟಿಂಗು ಕೈಕೆಲಸ. 35 ಎಂ.ಎಂ. ಫಿಲಮ್ಮಿನ ಒಂದು ಅಡಿಯಲ್ಲಿ 16 ಫ್ರೇಮು, ಸೆಕೆಂಡಿಗೆ ಓಡುವುದು 24 ಫ್ರೇಮು. ಅಂದರೆ ನಿಮಿಷಕ್ಕೆ 90 ಅಡಿ. ಸಾವಿರ ಅಡಿಯ ರೀಲು ಹನ್ನೊಂದು ನಿಮಿಷದಲ್ಲಿ ಮುಗಿಯುತ್ತದೆ. ಎರಡೂವರೆ ಗಂಟೆಯ ಚಿತ್ರಕ್ಕೆ 13,500 ಅಡಿ. ಲ್ಯಾಬಿನಿಂದ ರಶ್ ಪ್ರಿಂಟ್, ಅಂದರೆ ತೆಗೆದದ್ದರ ಮೊದಲ ಪ್ರತಿ, ಬಂದ ಕೂಡಲೇ ಕ್ಲ್ಯಾಪ್ ಬೋರ್ಡು ಕೂಡಿದ ಫ್ರೇಮು ಹುಡುಕಿ, ಸೌಂಡ್ ಟ್ರ್ಯಾಕಿನಲ್ಲಿ ಆ ‘ಟಪ್’ ಹುಡುಕಿ, ಎರಡನ್ನೂ ಸಿಂಕ್ ಮಾಡುವುದು ಅಸಿಸ್ಟೆಂಟಿನ ಪಾಲು. ಎಡಿಟರು ಮೂವಿಯೋಲಾ ಯಂತ್ರದಲ್ಲಿ ಹಿಂದೆ ಮುಂದೆ ಓಡಿಸಿ, ಬೇಕಾದ ಫ್ರೇಮಿನ ಮೇಲೆ ಪೆನ್ಸಿಲಿನಿಂದ ಗೀಟು ಎಳೆಯುತ್ತಿದ್ದರು. ಅಲ್ಲಿಗೆ ಸ್ಪ್ಲೈಸರ್ ಒತ್ತಿ ಕತ್ತರಿಸಿ, ಎರಡು ತುದಿ ಸೇರಿಸಿ, ಟೇಪು ಅಂಟಿಸಿ, ಗಾಳಿಗುಳ್ಳೆ ಇಲ್ಲವೇ ಅಂತ ಬೆಳಕಿಗೆ ಹಿಡಿದು ನೋಡಬೇಕು. ಗುಳ್ಳೆ ಉಳಿದರೆ ಪ್ರೊಜೆಕ್ಷನ್ನಿನಲ್ಲಿ ಜಾಯಿಂಟು ಎದ್ದು ಕಾಣುತ್ತದೆ, ಮರುದಿನ ಬೈಗುಳ ಗ್ಯಾರಂಟಿ. ಕತ್ತರಿಸಿದ ತುಂಡು ಮೂರೇ ಫ್ರೇಮಿದ್ದರೂ ಎಸೆಯುವಂತಿಲ್ಲ. ನಂಬರು ಬರೆದು ಬಿನ್ನಿನ ಮೊಳೆಗೆ ನೇತುಹಾಕಬೇಕು. “ಆ ನೋಟ ಇನ್ನೊಂಚೂರು ಇರಲಿ” ಎಂದು ನಾಳೆ ಡೈರೆಕ್ಟರು ಬಂದು ಹೇಳುತ್ತಾರಲ್ಲ, ಆಗ ಅದೇ ತುಂಡು ಬೇಕು.

ಈ ಕೆಲಸದಲ್ಲಿ ಕತ್ತರಿಸುವುದು ಹೇಗೆ ಅನ್ನುವುದನ್ನು ಆರು ತಿಂಗಳಲ್ಲಿ ಕಲಿಯಬಹುದು. ನಿಜವಾಗಿ ಕಲಿಯುವುದು ಏನು ಇಲ್ಲ ಅನ್ನುವುದನ್ನು. ಸೆಟ್ಟಿನಲ್ಲಿ ಜೋರಾಗಿ ‘ಓಕೆ’ ಅಂದ ಶಾಟುಗಳೆಲ್ಲ ಕತ್ತಲೆ ಕೋಣೆಗೆ ಬಂದು ತಮ್ಮ ಬಡತನ ಒಪ್ಪಿಕೊಳ್ಳುತ್ತವೆ. ಮಗ ಮನೆ ಬಿಟ್ಟು ಹೋಗುತ್ತಾನೆ, ಉದ್ದುದ್ದ ಡೈಲಾಗು ಇದೆ, ತಾಯಿಯ ಮುಖ ಮಾತ್ರ ಯಾರೂ ತೆಗೆದಿಲ್ಲ. ಗಂಡ ಹೆಂಡತಿ ಜಗಳವಾಡುತ್ತಾರೆ, ಇಬ್ಬರ ನಡುವೆ ಎಳೆದುಕೊಳ್ಳಬೇಕಾದ ಕಾಣದ ಗೆರೆಯನ್ನು ಕ್ಯಾಮೆರಾ ದಾಟಿ ಕೂತಿದ್ದರಿಂದ ಇಬ್ಬರೂ ಒಂದೇ ಕಡೆ ನೋಡುತ್ತಿದ್ದಾರೆ, ಬಸ್ಸಿಗೆ ಕಾದು ನಿಂತವರ ಹಾಗೆ. ಇಂಥದ್ದನ್ನು ಮುಚ್ಚಲು ಎಡಿಟರು ಬೇರೆ ಸೀನಿನಿಂದ ತಾಯಿಯ ಕ್ಲೋಸಪ್ ಕದ್ದು ತಂದು ಹಾಕಬೇಕು, ಸೀರೆ ಬಣ್ಣ ಕಾಣದಂತೆ. ಹೀಗೆ ವರ್ಷಗಟ್ಟಲೆ ಬೇರೆಯವರ ಕೊರತೆ ಮುಚ್ಚಿದವನಿಗೆ ಒಂದು ದಿನ ತಾನೇ ತೆಗೆಯಬೇಕು ಅನ್ನಿಸುವುದು ಸಹಜ. ಅದರಲ್ಲಿ ಆಸೆಗಿಂತ ಸಿಟ್ಟೇ ಹೆಚ್ಚಿರುತ್ತದೆ ಅಂತ ನನ್ನ ಅನುಮಾನ.

ಮದರಾಸಿನ ಸ್ಟುಡಿಯೋ ಪದ್ಧತಿ ಈ ದಾರಿಯನ್ನು ಸಲೀಸು ಮಾಡಿತು. ಕೃಷ್ಣನ್–ಪಂಜು ನಿರ್ದೇಶಕ ಜೋಡಿಯಲ್ಲಿ ಪಂಜು ಎಡಿಟರು. 1952ರ ‘ಪರಾಶಕ್ತಿ’ಯ ಟೈಟಲಿನಲ್ಲಿ ಸಂಕಲನ ‘ಪಂಜಾಬಿ’ ಎಂದು ಬರುತ್ತದಲ್ಲ, ಅದು ಅವರೇ. ಅವರ ಕೈಕೆಳಗೆ ಅಸಿಸ್ಟೆಂಟ್ ಎಡಿಟರಾಗಿ ಸೇರಿದವರು ಎ. ಭೀಮ್‌ಸಿಂಗ್. ಮುಂದೆ ಶಿವಾಜಿ ಗಣೇಶನ್ ಜೊತೆ ‘ಪ’ ಅಕ್ಷರದ ಸಾಲು ಚಿತ್ರಗಳು: ‘ಪಾಗಪ್ಪಿರಿವಿನೈ’, ‘ಪಾಸಮಲರ್’, ‘ಪಾವಮನ್ನಿಪ್ಪು’, ‘ಪಾಲುಂ ಪಳಮುಂ’. 1961ರ ಒಂದೇ ವರ್ಷದಲ್ಲಿ ಇವುಗಳಲ್ಲಿ ಮೂರು ಬಂದವು. ‘ಪಾಗಪ್ಪಿರಿವಿನೈ’ ಕನ್ನಡಕ್ಕೆ 1964ರಲ್ಲಿ ‘ಮುರಿಯದ ಮನೆ’ಯಾಗಿ ಬಂತು, ರಾಜ್‌ಕುಮಾರ್ ನಾಯಕ. ನಿರ್ದೇಶಕರಾದ ಮೇಲೂ ಭೀಮ್‌ಸಿಂಗ್ ಎಡಿಟಿಂಗ್ ಬಿಡಲಿಲ್ಲ, ‘ಪಾಸಮಲರ್’ ಸಂಕಲನದಲ್ಲಿ ಅವರ ಹೆಸರೂ ಇದೆ. ಅಣ್ಣ ತಂಗಿಯ ಅಳು ಎಷ್ಟು ಹೊತ್ತು ಇರಬೇಕು ಅನ್ನುವುದನ್ನು ಬೇರೆಯವರ ಕೈಗೆ ಬಿಡುವ ಮನಸ್ಸು ಅವರಿಗೆ ಇರಲಿಲ್ಲ ಅಂತ ಕಾಣುತ್ತದೆ. ಈ ಭೀಮ್‌ಸಿಂಗ್ ಅವರ ಮಗನೇ ಲೆನಿನ್. ತಂದೆಯದು ಕಣ್ಣೀರು ಸುರಿಸಿ ಥಿಯೇಟರು ತುಂಬಿಸುವ ದಾರಿ. ಮಗ ನಿರ್ದೇಶನಕ್ಕೆ ಬಂದಾಗ ಥಿಯೇಟರು ತುಂಬುವ ಚಿಂತೆಯನ್ನೇ ಬಿಟ್ಟುಬಿಟ್ಟರು.

ಎಸ್.ಪಿ. ಮುತ್ತುರಾಮನ್ ಎವಿಎಂ ಸ್ಟುಡಿಯೋದ ಎಡಿಟಿಂಗ್ ವಿಭಾಗದಿಂದ ಬಂದವರು. ಬೆಂಗಳೂರಿನ ಬಸ್ ಕಂಡಕ್ಟರ್ ಶಿವಾಜಿರಾವ್ ರಜನೀಕಾಂತ್ ಆದಮೇಲೆ ಅವರ ಅತಿ ಹೆಚ್ಚು ಚಿತ್ರಗಳನ್ನು, ಒಟ್ಟು 25, ನಿರ್ದೇಶಿಸಿದವರು ಇವರೇ. ಇಷ್ಟೊಂದು ಚಿತ್ರ ಮಾಡಲು ಸಾಧ್ಯವಾದದ್ದರಲ್ಲಿ ಎಡಿಟಿಂಗಿನ ಪಾಲು ದೊಡ್ಡದು ಅಂತ ನಾನಂದುಕೊಂಡಿದ್ದೇನೆ. ಕಚ್ಚಾ ಫಿಲಂ ದುಬಾರಿ ಇದ್ದ ಕಾಲ ಅದು. ನಮ್ಮ ಕನ್ನಡ ಪ್ರೊಡ್ಯೂಸರುಗಳು ಕ್ಯಾನಿನಲ್ಲಿ ಉಳಿದ ಐವತ್ತು ಅಡಿ, ನೂರು ಅಡಿ ತುಂಡುಗಳನ್ನೂ ಲೆಕ್ಕ ಇಟ್ಟು ಮರುದಿನ ಕ್ಯಾಮೆರಾಗೆ ಹಾಕಿಸುತ್ತಿದ್ದರು. ಅಂಥ ಕಡೆ ತಲೆಯಲ್ಲೇ ಸೀನು ಜೋಡಿಸಿಕೊಂಡು, ಬೇಕಾದ್ದಷ್ಟೇ ತೆಗೆದು ‘ನೆಕ್ಸ್ಟ್’ ಅನ್ನುವ ಡೈರೆಕ್ಟರು ಸಿಕ್ಕರೆ ಪ್ರೊಡ್ಯೂಸರು ಕೈ ಮುಗಿಯದೆ ಇರುತ್ತಾರೆಯೇ?

ಇದೇ ಮಿತವ್ಯಯ ಹೃಷಿಕೇಶ್ ಮುಖರ್ಜಿಯವರಲ್ಲಿ ಕಲೆಯಾಯಿತು. ಕಲ್ಕತ್ತದ ನ್ಯೂ ಥಿಯೇಟರ್ಸ್‌ನಲ್ಲಿ ಎಡಿಟಿಂಗ್ ಕಲಿತು, ಬಿಮಲ್ ರಾಯ್ ಜೊತೆ ಬೊಂಬಾಯಿಗೆ ಬಂದು ‘ದೋ ಬಿಘಾ ಜಮೀನ್’ ಸಂಕಲನ ಮಾಡಿದವರು. 1957ರಲ್ಲಿ ‘ಮುಸಾಫಿರ್’ ಮಾಡಿ ನಿರ್ದೇಶಕರಾದರು, ಅದು ಓಡಲಿಲ್ಲ. ಮರುವರ್ಷ ಗುರುಗಳ ‘ಮಧುಮತಿ’ಗೆ ಮತ್ತೆ ಎಡಿಟರಾಗಿ ಕೂತರು. ‘ಅನಾಡಿ’, ‘ಅನುರಾಧಾ’ ಮಾಡಿ ಹೆಸರು ಗಳಿಸಿದ ಮೇಲೂ ರಾಮು ಕಾರ್ಯಾಟ್ ಅವರ ಮಲಯಾಳಂ ‘ಚೆಮ್ಮೀನ್’ಗೆ 1965ರಲ್ಲಿ ಕತ್ತರಿ ಹಿಡಿದರು. ಡೈರೆಕ್ಟರಾದ ಮೇಲೆ ಬೇರೆಯವರ ರಶ್ ಮುಟ್ಟುವುದು ಮರ್ಯಾದೆಗೆ ಕಡಿಮೆ ಅಂದುಕೊಳ್ಳುವವರ ನಡುವೆ ಇದು ಅಪರೂಪ. ‘ಆನಂದ್’, ‘ಬಾವರ್ಚಿ’ ನೋಡಿ: ಒಂದು ಮನೆ, ನಾಲ್ಕಾರು ಜನ, ದೊಡ್ಡ ಸೆಟ್ಟಿಲ್ಲ, ಹಾಗಿದ್ದೂ ಎಲ್ಲೂ ಬೇಜಾರಿಲ್ಲ. ಯಾರು ಮಾತಾಡುತ್ತಾರೋ ಅವರಿಗಿಂತ ಕೇಳುವವರ ಮುಖ ಯಾವಾಗ ಬೇಕು ಅನ್ನುವುದು ಅವರಿಗೆ ಗೊತ್ತಿತ್ತು. ಸುದೀಪ್ 2007ರಲ್ಲಿ ‘ಬಾವರ್ಚಿ’ಯನ್ನೇ ‘ನಂ. 73, ಶಾಂತಿನಿವಾಸ’ ಮಾಡಿದರು. ಎರಡನ್ನೂ ಪಕ್ಕಪಕ್ಕ ಇಟ್ಟು ನೋಡಿದರೆ ಎಡಿಟಿಂಗ್ ಕ್ಲಾಸಿಗೆ ಹೋಗುವ ಖರ್ಚು ಉಳಿಯುತ್ತದೆ.

ಎಲ್ಲರಿಗಿಂತ ದೊಡ್ಡ ಉದಾಹರಣೆ ನಮ್ಮ ರಾಮನಗರದ ಬಂಡೆಗಳ ನಡುವೆಯೇ ಚಿತ್ರ ತೆಗೆದು ಹೋದವರದ್ದು. ಡೇವಿಡ್ ಲೀನ್ ಇಂಗ್ಲೆಂಡಿನ ಧಾರ್ಮಿಕ ಮನೆತನದ ಹುಡುಗ. ಬಾಲ್ಯದಲ್ಲಿ ಸಿನಿಮಾ ನೋಡುವುದಕ್ಕೇ ಮನೆಯಲ್ಲಿ ಅಡ್ಡಿ. 1927ರಲ್ಲಿ ಸ್ಟುಡಿಯೋ ಸೇರಿ ಚಹಾ ತಂದುಕೊಡುವ ಕೆಲಸದಿಂದ ಶುರುಮಾಡಿ, ನ್ಯೂಸ್‌ರೀಲ್ ಎಡಿಟರಾಗಿ, ‘ಪಿಗ್ಮೇಲಿಯನ್’ನಂಥ ಚಿತ್ರಗಳ ಸಂಕಲನ ಮಾಡಿ, 1942ರಲ್ಲಿ ನಿರ್ದೇಶನಕ್ಕೆ ಬಂದರು. ‘ಲಾರೆನ್ಸ್ ಆಫ್ ಅರೇಬಿಯಾ’ದ ಬೆಂಕಿಕಡ್ಡಿಯ ಕಟ್ ಎಲ್ಲರಿಗೂ ಗೊತ್ತು: ಲಾರೆನ್ಸ್ ಕಡ್ಡಿ ಊದುತ್ತಾನೆ, ಮರುಕ್ಷಣ ಮರುಭೂಮಿಯ ದಿಗಂತ, ಸೂರ್ಯೋದಯ. ಸ್ಕ್ರಿಪ್ಟಿನಲ್ಲಿ ಅಲ್ಲಿದ್ದದ್ದು ಡಿಸಾಲ್ವ್, ಒಂದು ಶಾಟು ಕರಗುತ್ತ ಇನ್ನೊಂದು ಮೂಡುವುದು. ಡಿಸಾಲ್ವ್ ಲ್ಯಾಬಿನಲ್ಲಿ ಆಗಬೇಕಾದ ಕೆಲಸ, ವರ್ಕ್ ಪ್ರಿಂಟಿನಲ್ಲಿ ಎರಡು ಶಾಟು ಸುಮ್ಮನೆ ಅಂಟಿಸಿ ಇಟ್ಟಿರುತ್ತಾರೆ. ಹಾಗೇ ನೋಡಿದಾಗ ಅದೇ ಚೆನ್ನ ಅನ್ನಿಸಿತು. ಎಡಿಟರ್ ಆನ್ ಕೋಟ್ಸ್ ಅದರಿಂದ ಇನ್ನೆರಡು ಫ್ರೇಮು ತೆಗೆದರಂತೆ. ಎರಡು ಫ್ರೇಮು ಅಂದರೆ ಸೆಕೆಂಡಿನ ಹನ್ನೆರಡನೇ ಒಂದು ಪಾಲು. ಗೀಟು ಎಳೆದ ಅನುಭವ ಇರುವ ಡೈರೆಕ್ಟರಿಗೆ ಮಾತ್ರ ಅಷ್ಟರ ಬೆಲೆ ಗೊತ್ತಿರುತ್ತದೆ.

ಲೀನ್ ‘ರಯಾನ್ಸ್ ಡಾಟರ್’ ಆದಮೇಲೆ 14 ವರ್ಷ ಚಿತ್ರ ತೆರೆಗೆ ತರಲಿಲ್ಲ. ಮರಳಿ ಬಂದದ್ದು ಬೆಂಗಳೂರಿಗೆ. ಇ.ಎಂ. ಫಾರ್ಸ್ಟರ್ ಕಾದಂಬರಿಯ ‘ಎ ಪ್ಯಾಸೇಜ್ ಟು ಇಂಡಿಯಾ’ದ ಊರನ್ನು ಬೆಂಗಳೂರು ಅರಮನೆಯ ಮೈದಾನದಲ್ಲಿ ಕಟ್ಟಿದರು. ಮರಬಾರ್ ಗುಹೆಗಳಿಗೆ ಸಾವನದುರ್ಗ ಮತ್ತು ರಾಮನಗರದ ಬೆಟ್ಟ. ಗಬ್ಬರ್ ಸಿಂಗ್ ಬಿಟ್ಟುಹೋದ ಬಂಡೆಗಳ ನೆರೆಹೊರೆ. ಆಗ ಲೀನ್‌ಗೆ 75 ದಾಟಿತ್ತು. 1984ರಲ್ಲಿ ಬಿಡುಗಡೆಯಾದ ಆ ಚಿತ್ರದ ಸಂಕಲನಕಾರರೂ ಅವರೇ. ದಶಕಗಟ್ಟಲೆ ಬೇರೆ ಎಡಿಟರುಗಳ ಜೊತೆ ಕೆಲಸ ಮಾಡಿದವರು ಕೊನೆಯ ಚಿತ್ರಕ್ಕೆ ಮತ್ತೆ ತಾವೇ ಟೇಬಲ್ ಮುಂದೆ ಕೂತರು. ನಿರ್ದೇಶನ, ಚಿತ್ರಕತೆ, ಸಂಕಲನ ಮೂರಕ್ಕೂ ಆಸ್ಕರ್ ನಾಮನಿರ್ದೇಶನ ಬಂತು, ಮೂರೂ ಕೈತಪ್ಪಿತು. ಗುಹೆಯೊಳಗೆ ಏನು ನಡೆಯಿತು ಅನ್ನುವುದನ್ನು ಆ ಚಿತ್ರ ತೋರಿಸುವುದಿಲ್ಲ. ಬಿಸಿಲು, ಬಂಡೆ, ಬಾಯ್ತೆರೆದ ಕತ್ತಲೆ, ಪ್ರತಿಧ್ವನಿ, ಆಮೇಲೆ ಇಳಿಜಾರಿನಲ್ಲಿ ಓಡಿಬರುವ ಹುಡುಗಿ. ನಡುವಿನದು ಇಲ್ಲ. ಕತೆಯ ಇಡೀ ಕೋರ್ಟು ಕೇಸು ನಿಂತಿರುವುದು ಆ ಇಲ್ಲದ ತುಂಡಿನ ಮೇಲೆ. ಬೇರೆಯವರ ಚಿತ್ರದಲ್ಲಿ ಎಡಿಟರನ್ನು ಕಾಡುವ ಕೊರತೆ ಇಲ್ಲಿ ಬೇಕೆಂದೇ ಇಟ್ಟದ್ದು.

ಇನ್ನು ಸೆಟ್ಟಿನಲ್ಲಿ ಕಾಯುವ ಆ ಇನ್ನರ್ಧ. ಎಡಿಟಿಂಗ್ ರೂಮಿನಲ್ಲಿ ಫಿಲಮ್ಮು ಎದುರು ಮಾತಾಡುವುದಿಲ್ಲ. ನಟಿ ಇಪ್ಪತ್ತು ಸಲ ಅತ್ತರೂ ಸುಸ್ತಾಗುವುದಿಲ್ಲ, ಸೂರ್ಯ ಮುಳುಗುವುದಿಲ್ಲ, ಹೀರೋ ಕಾಲ್‌ಶೀಟ್ ಮುಗಿಯಿತು ಅಂತ ಕಾರು ಹತ್ತುವುದಿಲ್ಲ. ಒಂಟಿಯಾಗಿ ಕೂತು ಯೋಚಿಸುವ ಅಭ್ಯಾಸ ಇರುವವನು ಒಮ್ಮೆಲೇ ನೂರು ಜನರ ಮುಂದೆ ನಿಂತು ಜೋರು ದನಿಯಲ್ಲಿ ತೀರ್ಮಾನ ಹೇಳಬೇಕು. ಎಷ್ಟೋ ಒಳ್ಳೆಯ ಎಡಿಟರುಗಳಿಗೆ ಇದು ಒಗ್ಗಿಲ್ಲ. ಇನ್ನು ಕೆಲವರು ತಲೆಯಲ್ಲಿ ಕಟ್ ಮಾಡಿಟ್ಟುಕೊಂಡಷ್ಟನ್ನೇ ತೆಗೆಯುತ್ತಾರೆ. ನಟ ಸೆಟ್ಟಿನಲ್ಲಿ ಹೊಸದೇನೋ ಕೊಟ್ಟರೆ ಅದಕ್ಕೆ ಜಾಗ ಇರುವುದಿಲ್ಲ. ಲೆಕ್ಕ ಸರಿ, ಚಿತ್ರ ಒಣಗಿ ಹೋಗಿರುತ್ತದೆ. ‘ಕಾಖ ಕಾಖ’, ‘ಎಂದಿರನ್’ ಸಂಕಲನ ಮಾಡಿದ ಆಂಟನಿ 2015ರಲ್ಲಿ ‘ಒರು ನಾಳ್ ಇರವಿಲ್’ ನಿರ್ದೇಶಿಸಿದರು. ಮುಚ್ಚಿದ ಅಂಗಡಿ ಶಟರಿನೊಳಗೆ ಸಿಕ್ಕಿಕೊಂಡವನ ಕತೆ, ಮಲಯಾಳಂ ‘ಶಟರ್’ನ ರೀಮೇಕ್. ಕತೆಯ ಆಯ್ಕೆಯಲ್ಲೇ ಎಡಿಟರು ಕಾಣುತ್ತಾರೆ, ಸಣ್ಣ ಕತ್ತಲೆ ಕೋಣೆ ನಮ್ಮವರಿಗೆ ಮನೆಯಿದ್ದ ಹಾಗೇ ತಾನೆ! ಆಮೇಲೆ ಅವರು ‘2.0’ದಂಥ ಚಿತ್ರಗಳ ಎಡಿಟಿಂಗಿಗೆ ಮರಳಿದರು. ನಮ್ಮ ಸುರೇಶ್ ಅರಸ್ ‘ಬಾಂಬೆ’ ಚಿತ್ರಕ್ಕೆ ರಾಷ್ಟ್ರಪ್ರಶಸ್ತಿ ತಂದದ್ದು ಎಡಿಟಿಂಗಿಗೇ. ಎಡಿಟರಾಗಿಯೇ ಇರುವುದು ಯಾವ ಸೋಲೂ ಅಲ್ಲ, ಡೈರೆಕ್ಟರಾಗುವುದೇ ಬಡ್ತಿ ಅನ್ನುವ ಲೆಕ್ಕ ಯಾರು ಶುರುಮಾಡಿದರೋ.

ಟೀವಿಯ ಕತೆ ಬೇರೆ. 1994ರಲ್ಲಿ ಉದಯ ಟೀವಿ ಬಂದಮೇಲೆ ನಮ್ಮಂಥವರಿಗೆ ಅಲ್ಲಿಯೂ ಕೆಲಸ ಸಿಕ್ಕಿತು. ಆಗಿನದು ಟೇಪಿನಿಂದ ಟೇಪಿಗೆ ಎಡಿಟಿಂಗು. ಫಿಲಮ್ಮಿನ ಹಾಗೆ ನಡುವಿನಿಂದ ತುಂಡು ತೆಗೆಯಲು ಬರುವುದಿಲ್ಲ. ಐದನೇ ನಿಮಿಷದಲ್ಲಿ ಬದಲಾವಣೆ ಬೇಕೆಂದರೆ ಅಲ್ಲಿಂದ ಮುಂದಕ್ಕೆ ಎಲ್ಲವನ್ನೂ ಮತ್ತೆ ಇಳಿಸಬೇಕು, ಇಲ್ಲವೇ ಮಾಡಿದ್ದನ್ನೇ ಇನ್ನೊಂದು ಟೇಪಿಗೆ ಹಾಕಿ ಚಿತ್ರ ಮಸುಕಾಗುವುದನ್ನು ಒಪ್ಪಿಕೊಳ್ಳಬೇಕು. ಹಾಗಾಗಿ ಮೊದಲೇ ಯೋಚಿಸುವ ಬುದ್ಧಿ ಬಂತು. ಸೀರಿಯಲ್ಲಿನಲ್ಲಿ ಇವತ್ತು ತೆಗೆದದ್ದು ನಾಳೆ ಹೋಗಬೇಕು. “ಸರ್, ಸೊಸೆ ಕ್ಲೋಸಪ್ ಇಲ್ಲ, ಬೆಳಗ್ಗೆ ಒಂದು ತೆಗೆದು ಕಳಿಸಿ” ಅಂತ ಎಡಿಟರು ಸೆಟ್ಟಿಗೆ ಫೋನ್ ಮಾಡುತ್ತಾರೆ. ಹೀಗೆ ಫೋನ್ ಮಾಡುತ್ತ ಮಾಡುತ್ತ, ಡೈರೆಕ್ಟರು ರಜೆ ಹಾಕಿದ ದಿನ ಸೆಟ್ಟಿಗೇ ಹೋಗಿ ನಿಂತವರಿದ್ದಾರೆ. ಜಾಹೀರಾತಿನ ದಾರಿಯೂ ಉಂಟು. ಪುಣೆಯ ಫಿಲಂ ಇನ್‌ಸ್ಟಿಟ್ಯೂಟಿನಲ್ಲಿ ಎಡಿಟಿಂಗ್ ಓದಿದ ರಾಜ್‌ಕುಮಾರ್ ಹಿರಾನಿ ಜಾಹೀರಾತುಗಳಲ್ಲಿ ಪಳಗಿ, ‘ಮಿಷನ್ ಕಾಶ್ಮೀರ್’ ಸಂಕಲನ ಮಾಡಿ, 2003ರಲ್ಲಿ ‘ಮುನ್ನಾಭಾಯ್’ಗೆ ಬಂದರು. ಕನ್ನಡದಲ್ಲಿ ಅದು ‘ಉಪ್ಪಿದಾದಾ ಎಂಬಿಬಿಎಸ್’.

ಈಗಿನವರಲ್ಲಿ ನನಗೆ ಕುತೂಹಲ ಹುಟ್ಟಿಸಿದವರು ಮಹೇಶ್ ನಾರಾಯಣನ್. ಮಲಯಾಳದ ‘ಟ್ರಾಫಿಕ್’, ಕಮಲಹಾಸನರ ‘ವಿಶ್ವರೂಪಂ’ ಎಡಿಟ್ ಮಾಡಿ, 2017ರಲ್ಲಿ ‘ಟೇಕ್ ಆಫ್’ ನಿರ್ದೇಶಿಸಿದರು. 2020ರ ಲಾಕ್‌ಡೌನಿನಲ್ಲಿ ಫೋನು, ಲ್ಯಾಪ್‌ಟಾಪಿನ ಪರದೆಗಳಲ್ಲೇ ನಡೆಯುವ ‘ಸೀ ಯೂ ಸೂನ್’ ಮಾಡಿದರು; ಅದು ಎಡಿಟಿಂಗ್ ಟೇಬಲ್ಲಿನ ಮೇಲೇ ಹುಟ್ಟಿದಂಥ ಚಿತ್ರ. ಮರುವರ್ಷದ ‘ಮಾಲಿಕ್’ ಮಾತ್ರ ತದ್ವಿರುದ್ಧ. ಆರಂಭದಲ್ಲೇ ಸುಮಾರು ಹನ್ನೆರಡು ನಿಮಿಷ, ಮನೆಯೊಳಗೆ ಹೊರಗೆ ಜನಜಂಗುಳಿಯ ನಡುವೆ, ಒಂದೇ ಶಾಟು. ಹನ್ನೆರಡು ನಿಮಿಷ ಅಂದರೆ ನಮ್ಮ ಸಾವಿರ ಅಡಿಯ ರೀಲು ಸಾಲದು. ಎಡಿಟರಾಗಿದ್ದವನೇ ಎಡಿಟರಿಗೆ ಏನೂ ಕೆಲಸ ಕೊಡಲಿಲ್ಲ.

ದಾವಣಗೆರೆಯ ಹುಡುಗನಿಗೆ ‘ಮಾಲಿಕ್’ನ ಆ ಶಾಟು ತೋರಿಸಿದೆ. ತೋರಿಸಬಾರದಿತ್ತೇನೋ. ಅವನೂ ತನ್ನ ಮೊದಲ ಕಿರುಚಿತ್ರಕ್ಕೆ ಶೋಳಿಂಗನಲ್ಲೂರು ಸಿಗ್ನಲ್ಲಿನಿಂದ ಶುರುಮಾಡಿ ಕಾಲುವೆ ಸೇತುವೆಯವರೆಗೆ ಕಟ್ಟೇ ಇಲ್ಲದ ಶಾಟು ತೆಗೆದ. ಬೆಳಗಿನ ಜಾವ, ಸ್ನೇಹಿತನ ಸ್ಕೂಟರಿನ ಹಿಂದೆ ಉಲ್ಟಾ ಕೂತು. ಬಸ್ಸು ಅಡ್ಡ ಬಂದು, ನಾಯಿ ಓಡಿಸಿಕೊಂಡು ಬಂದು, ಹೇಗೋ ಆಯಿತು. ಚಿತ್ರವನ್ನು ನೀನೇ ಎಡಿಟ್ ಮಾಡಬೇಡ, ಬೇರೆಯವರಿಗೆ ಕೊಡು, ನೀನು ಪಟ್ಟ ಪಾಡು ಗೊತ್ತಿಲ್ಲದವರಿಗೆ ಕೊಡು ಎಂದೆ. ತರಮಣಿಯ ಇನ್‌ಸ್ಟಿಟ್ಯೂಟಿನಲ್ಲಿ ಓದುವ ಹುಡುಗಿಯೊಬ್ಬಳಿಗೆ ಕೊಟ್ಟ. ಅವಳು ಮೊದಲು ತೆಗೆದು ಹಾಕಿದ್ದು ಅದೇ ಶಾಟು. ಚಿತ್ರ ಈಗ ಅಡುಗೆಮನೆಯಲ್ಲಿ ಹಾಲು ಕಾಯಿಸುವಲ್ಲಿಂದ ಶುರುವಾಗುತ್ತದೆ, ನನಗಂತೂ ಅದೇ ಸರಿ ಅನ್ನಿಸಿತು. ಅವನಿಗೆ ಅವಳ ಮೇಲೆ ಕೋಪ ಇನ್ನೂ ಇಳಿದಿಲ್ಲ, ಲಿಫ್ಟಿನಲ್ಲಿ ನನ್ನನ್ನು ಕಂಡರೂ ಮುಖ ಗಂಟು ಹಾಕುತ್ತಾನೆ.